ಗೃಹದೇವತೆಯ ವಿದ್ಯಾಭ್ಯಾಸ

ನಮ್ಮ ಸಂಘದ ಕಳೆದ ತಿಂಗಳ ಸಭೆಯಲ್ಲಿ ಹಿರಿಯ ಮಿತ್ರರೊಬ್ಬರು ವಿಕ್ಟೋರಿಯಾ ರಾಣಿಯ ಕಾಲದ ಇಂಗ್ಲೆಂಡಿನ ಗೃಹಜೀವನವನ್ನು ಕುರಿತು ಒಂದು ಗಂಟೆಯ ಕಾಲ ಸೊಗಸಾಗಿ ಮಾತನಾಡಿದರು. ಅವರ ಓದು ದೊಡ್ಡದು, ಮಾತು ಮೃದು. ಆ ಕಾಲದ ಆಂಗ್ಲೇಯರು ಹೆಣ್ಣನ್ನು ಮನೆಯ ದೇವತೆಯೆಂದು ಭಾವಿಸಿದ್ದರೆಂದೂ, ಅವಳ ಸ್ವಭಾವಕ್ಕೆ ಒಪ್ಪುವ ವಿದ್ಯೆಯನ್ನು ಮಾತ್ರವೇ ಅವಳಿಗೆ ಕಲಿಸುತ್ತಿದ್ದರೆಂದೂ, ಆದುದರಿಂದಲೇ ಅವರ ಮನೆಗಳಲ್ಲಿ ಶಾಂತಿಯೂ ಶೀಲವೂ ನೆಲೆಸಿದ್ದವೆಂದೂ ಅವರು ಪ್ರತಿಪಾದಿಸಿದರು. ಸಭೆಯು ಚಪ್ಪಾಳೆ ತಟ್ಟಿತು. ಭಾಷಣ ಮುಗಿದ ಮೇಲೆ, ಕಾಫಿಯ ಹೊತ್ತಿನಲ್ಲಿ, ಅವರೇ ಇನ್ನೊಂದು ಮಾತನ್ನೂ ಹೇಳಿದರು. ಅವರ ಮೊಮ್ಮಗಳು ಪಿ.ಯು.ಸಿ.ಯಲ್ಲಿ ಗಣಿತದಲ್ಲಿ ಬಹು ಮೇಲಾದ ಅಂಕಗಳನ್ನು ಪಡೆದಿದ್ದಾಳೆ; ಬೆಂಗಳೂರಿಗೆ ಹೋಗಿ ಗಣಿತವನ್ನೇ ಓದಬೇಕೆನ್ನುತ್ತಾಳೆ; ಇವರು ಒಪ್ಪಿಲ್ಲ. ಮನೆಯ ಹತ್ತಿರವೇ ಒಂದು ಹಗುರವಾದ ಪದವಿಯನ್ನು ಮಾಡಿಕೊಂಡರೆ ಸಾಕು, ಹೆಣ್ಣುಮಗುವಿನ ಮನಸ್ಸಿಗೆ ಅಷ್ಟು ಕಠಿನವಾದ ಶಾಸ್ತ್ರವು ಹಿತವಲ್ಲವೆಂಬುದು ಅವರ ನಿರ್ಣಯ.

ಆ ಎರಡನೆಯ ಮಾತು ಇಲ್ಲದಿದ್ದರೆ ಮೊದಲನೆಯದಕ್ಕೆ ಉತ್ತರ ಬರೆಯುವ ಶ್ರಮವನ್ನು ನಾನು ತೆಗೆದುಕೊಳ್ಳುತ್ತಿರಲಿಲ್ಲ. ಸತ್ತುಹೋದ ಕಾಲವನ್ನು ಯಾರು ಎಷ್ಟು ಹೊಗಳಿದರೂ ಯಾರಿಗೂ ನಷ್ಟವಿಲ್ಲ. ಆದರೆ ಆ ಹೊಗಳಿಕೆಯನ್ನು ಆಧಾರ ಮಾಡಿಕೊಂಡು ಈಗ ಬದುಕಿರುವ ಹುಡುಗಿಯೊಬ್ಬಳ ಪುಸ್ತಕವನ್ನು ಮುಚ್ಚಿಸುವುದಾದರೆ, ಆ ಆಧಾರವು ಗಟ್ಟಿಯೋ ಟೊಳ್ಳೋ ಎಂದು ತಟ್ಟಿ ನೋಡಬೇಕಾದ್ದು ನ್ಯಾಯ. ಮಿತ್ರರು ಮನ್ನಿಸಬೇಕು.

ಮೊದಲು ಆ ದೇವತೆಯನ್ನೇ ನೋಡೋಣ. ಕವೆಂಟ್ರಿ ಪ್ಯಾಟ್‌ಮೋರ್ ಎಂಬ ಕವಿಯು 1854ರಲ್ಲಿ ತನ್ನ ದಾಂಪತ್ಯವನ್ನು ಕೊಂಡಾಡಿ ಒಂದು ಕಾವ್ಯವನ್ನು ಪ್ರಕಟಿಸಲು ತೊಡಗಿದನು. ಅದರ ಹೆಸರೇ 'ಮನೆಯ ದೇವತೆ' ಎಂದು. ಕಾವ್ಯಕ್ಕಿಂತ ಅದರ ಹೆಸರು ಹೆಚ್ಚು ಕಾಲ ಬಾಳಿತು. ಗಂಡನ ಸುಖವೇ ತನ್ನ ಸುಖವೆಂದು ಬಗೆದು, ತಪ್ಪು ಅವನದಾದಾಗಲೂ ಕಣ್ಣೀರು ತನ್ನದೆಂದು ತಿಳಿದು, ತನಗಾಗಿ ಏನನ್ನೂ ಬಯಸದೆ ಕರಗಿಹೋಗುವ ಹೆಣ್ಣು ಆಕೆ. ಹತ್ತು ವರ್ಷಗಳ ತರುವಾಯ, 1864ರ ಡಿಸೆಂಬರಿನಲ್ಲಿ, ಜಾನ್ ರಸ್ಕಿನ್ ಮ್ಯಾಂಚೆಸ್ಟರಿನಲ್ಲಿ ಉಪನ್ಯಾಸ ಮಾಡಿ, ಗಂಡಿಗೆ ಹೊರಗಿನ ಹೋರಾಟವೂ ಹೆಣ್ಣಿಗೆ ಒಳಗಿನ ಸಾಮ್ರಾಜ್ಯವೂ ಪ್ರಕೃತಿಯೇ ಹಂಚಿಕೊಟ್ಟ ಪಾಲುಗಳೆಂದು ಬಹು ರಮಣೀಯವಾಗಿ ಸಾರಿದನು. ರಸ್ಕಿನ್ನನಿಗೆ ಅನ್ಯಾಯ ಮಾಡಬಾರದು. ಹುಡುಗಿಯನ್ನು ಒಳ್ಳೆಯ ಗ್ರಂಥಭಂಡಾರದಲ್ಲಿ ಸ್ವೇಚ್ಛೆಯಾಗಿ ಬಿಟ್ಟುಬಿಡಿರೆಂದು ಹೇಳಿದವನೂ ಅವನೇ. ಅಂದಿನ ಬಹುಮಂದಿ ತಂದೆಯರಿಗಿಂತ ಅವನು ಉದಾರಿ. ಆದರೆ ಆ ಭಂಡಾರದಲ್ಲಿ ಆಕೆ ಗಳಿಸುವ ಜ್ಞಾನವೆಲ್ಲವೂ ಗಂಡನ ಆನಂದದಲ್ಲಿ ಪಾಲುಗೊಳ್ಳುವಷ್ಟಕ್ಕೇ ಸಾಕೆಂದು ಅವನು ಗೆರೆಯನ್ನೂ ಎಳೆದನು. ಅವನು ಪೂರ್ಣವಾಗಿ ಕಲಿಯತಕ್ಕದ್ದು, ಅವಳು ಉಪಯೋಗಕ್ಕೆ ತಕ್ಕಷ್ಟು. ಉಪಯೋಗ ಯಾರದೆಂದು ಕೇಳುವವರಿರಲಿಲ್ಲ.

ನಮ್ಮ ಮಿತ್ರರು ಈ ಚಿತ್ರವನ್ನು ನೋಡಿ ಮನಸೋತಿದ್ದಾರೆ. ಚಿತ್ರವು ಸುಂದರವಾಗಿದೆಯೆಂಬುದನ್ನು ನಾನೂ ಒಪ್ಪುತ್ತೇನೆ. ಆದರೆ ಗರ್ಭಗುಡಿಯಲ್ಲಿ ದೇವತೆಯನ್ನು ಕೂರಿಸಿದವರು ಆಕೆಗೆ ಯಾವ ನೈವೇದ್ಯವನ್ನು ಇಟ್ಟರು? ವಿಷಯವಿರುವುದು ಅಲ್ಲಿ.

ಫ್ರಾನ್ಸೆಸ್ ಪವರ್ ಕಾಬ್ ಎಂಬ ಲೇಖಕಿಯು ಮುಪ್ಪಿನಲ್ಲಿ ತನ್ನ ಆತ್ಮಕಥೆಯನ್ನು ಬರೆದು 1894ರಲ್ಲಿ ಪ್ರಕಟಿಸಿದಳು. ವಿಕ್ಟೋರಿಯಾ ಪಟ್ಟಕ್ಕೆ ಬಂದ ಸುಮಾರಿನಲ್ಲಿ ಆಕೆಯನ್ನು ಸಮುದ್ರತೀರದ ಬ್ರೈಟನ್ ಪಟ್ಟಣದ ಒಂದು ಹೆಣ್ಣುಮಕ್ಕಳ ಶಾಲೆಗೆ ಕಳುಹಿಸಿದ್ದರು. ಎರಡು ವರ್ಷಗಳಿಗೆ ತಗುಲಿದ ವೆಚ್ಚ ಸುಮಾರು ಸಾವಿರ ಪೌಂಡು. ಅಲ್ಲಿ ವಿದ್ಯೆಗಳಿಗೆ ಮೇಲು ಕೀಳಿನ ಕ್ರಮವೊಂದು ಇದ್ದಿತು: ಸಂಗೀತವೂ ನೃತ್ಯವೂ ತುತ್ತತುದಿಯಲ್ಲಿ, ಅವುಗಳ ಕೆಳಗೆ ಪರಭಾಷೆಗಳ ಹರಟೆ, ಚಿತ್ರಲೇಖನ, ಎಲ್ಲಕ್ಕೂ ತಳದಲ್ಲಿ ನೀತಿಯೂ ಧರ್ಮವೂ. ಯಾವುದು ಎಷ್ಟು ಮುಖ್ಯವೋ ಅದಕ್ಕೆ ಅಷ್ಟು ಕಡಮೆ ಸ್ಥಾನವೆಂಬುದೇ ಅಲ್ಲಿನ ನಿಯಮವೆಂದು ಆಕೆ ನಗುತ್ತ ಬರೆದಿದ್ದಾಳೆ. ಬೀದಿಯಲ್ಲಿ ಹೋಗುವಾಗಲೂ ಹುಡುಗಿಯರು ಫ್ರೆಂಚ್ ಮೊದಲಾದ ಭಾಷೆಗಳಲ್ಲೇ ಮಾತನಾಡಬೇಕು. ಆ ಭಾಷೆಯಲ್ಲಿ ಆಡತಕ್ಕ ಒಂದು ವಿಚಾರವೂ ತಲೆಯಲ್ಲಿರಬೇಕಾಗಿಲ್ಲ. ಇದು ಬಡವರ ಶಾಲೆಯಲ್ಲ, ಶ್ರೀಮಂತರು ಹಣ ಸುರಿದು ಕೊಂಡ ವಿದ್ಯೆ. ಮದುವೆಯ ಸಂತೆಯಲ್ಲಿ ಪಿಯಾನೊ ನುಡಿಸುವ ಬೆರಳಿಗೆ ಬೆಲೆಯಿದ್ದಿತು. ಲೆಕ್ಕ ಬಿಡಿಸುವ ಬೆರಳಿಗೆ ಇರಲಿಲ್ಲ.

ಇದು ಒಬ್ಬ ಹೆಂಗಸಿನ ದೂರು ಮಾತ್ರವೇ ಎಂದು ಮಿತ್ರರು ಕೇಳಬಹುದು. ಅಲ್ಲ. 1864ರಲ್ಲಿ ಸರ್ಕಾರವು ಮಧ್ಯಮವರ್ಗದ ಶಾಲೆಗಳ ವಿಚಾರಣೆಗಾಗಿ ಒಂದು ಆಯೋಗವನ್ನು ನೇಮಿಸಿತು. ಅಧ್ಯಕ್ಷನ ಹೆಸರಿನಿಂದ ಅದನ್ನು ಟಾಂಟನ್ ಆಯೋಗವೆನ್ನುವರು. ಹೆಣ್ಣುಮಕ್ಕಳ ಶಾಲೆಗಳನ್ನೂ ಪರೀಕ್ಷಿಸಬೇಕೆಂಬುದು ಆರಂಭದಲ್ಲಿ ಯಾರಿಗೂ ಹೊಳೆದಿರಲಿಲ್ಲ; ಎಮಿಲಿ ಡೇವೀಸ್ ಎಂಬಾಕೆ ಮತ್ತು ಆಕೆಯ ಸ್ನೇಹಿತೆಯರು ಒತ್ತಾಯಪಡಿಸಿದ ಮೇಲೆ ಅವನ್ನೂ ಸೇರಿಸಿದರು. 1868ರ ವರದಿಯಲ್ಲಿ ಆ ಗಂಡಸರೇ ಬರೆದದ್ದೇನು? ಹೆಣ್ಣುಮಕ್ಕಳ ಶಿಕ್ಷಣದಲ್ಲಿ ತಳಹದಿಯಿಲ್ಲ, ಕ್ರಮವಿಲ್ಲ, ಮೇಲುಮೇಲಿನ ಥಳಕೇ ಹೆಚ್ಚು, ಮೂಲಪಾಠಗಳ ಕಡೆಗೆ ಗಮನವೇ ಇಲ್ಲವೆಂದು. ಶತಮಾನಗಳ ಹಿಂದೆ ಪುಣ್ಯವಂತರು ಮಕ್ಕಳ ವಿದ್ಯೆಗೆಂದು ಬಿಟ್ಟ ದತ್ತಿಗಳೆಲ್ಲ ಗಂಡುಮಕ್ಕಳ ಪಾಲಾಗಿದ್ದವು. ಕ್ರೈಸ್ಟ್ಸ್ ಹಾಸ್ಪಿಟಲ್ ಎಂಬ ಪ್ರಾಚೀನ ಧರ್ಮಶಾಲೆಯು ಗಂಡು ಹೆಣ್ಣು ಇಬ್ಬರಿಗೂ ಸೇರಿದ್ದು. ಆಯೋಗವು ನೋಡಿದಾಗ ಅಲ್ಲಿ ಹುಡುಗರು ಸಾವಿರಕ್ಕೆ ಮೇಲ್ಪಟ್ಟು, ಹುಡುಗಿಯರು ಇಪ್ಪತ್ತರೊಳಗೆ. ಸ್ವಭಾವಕ್ಕೆ ಒಪ್ಪುವ ವಿದ್ಯೆಯೆಂದು ಮಿತ್ರರು ಯಾವುದನ್ನು ಕರೆದರೋ ಅದರ ಲೆಕ್ಕದ ಪುಸ್ತಕ ಇದು. ಹೆಣ್ಣಿನ ಸ್ವಭಾವವನ್ನು ವಿಚಾರಿಸಿ ಈ ಏರ್ಪಾಡು ಮಾಡಿದವರು ಯಾರೂ ಇಲ್ಲ. ಹಣವನ್ನು ಮೊದಲು ಗಂಡುಮಕ್ಕಳಿಗೆ ಹಂಚಿಕೊಂಡರು. ಸ್ವಭಾವದ ಮಾತು ಆಮೇಲೆ ಹುಟ್ಟಿತು.

ದೇವತೆಯ ಕೈಯಲ್ಲಿ ಕಾಸೂ ಇರಲಿಲ್ಲ. ಮದುವೆಯಾದ ಕೂಡಲೆ ಆಕೆಯ ಸಂಪಾದನೆಯೂ ಚರಸ್ವತ್ತೂ ಗಂಡನದಾಗುತ್ತಿದ್ದವು. 1870 ಮತ್ತು 1882ರ ಕಾನೂನುಗಳು ಬರುವವರೆಗೆ ಇದೇ ಸ್ಥಿತಿ. 1857ರ ವಿವಾಹವಿಚ್ಛೇದನದ ಕಾನೂನಿನಲ್ಲಿ ಹೆಂಡತಿಯ ವ್ಯಭಿಚಾರವೊಂದೇ ಗಂಡನಿಗೆ ಸಾಕಾದ ಕಾರಣ. ಗಂಡನ ವ್ಯಭಿಚಾರವು ಮಾತ್ರ ಹೆಂಡತಿಗೆ ಸಾಲದು, ಅದರ ಜೊತೆಗೆ ಕ್ರೌರ್ಯವೋ ಪರಿತ್ಯಾಗವೋ ಇನ್ನಾವುದಾದರೂ ಘೋರವೋ ಇರಬೇಕು. ಪೂಜೆಯೆಂಬುದು ಹಕ್ಕಿನ ಬದಲಿಗೆ ಕೊಟ್ಟ ಪರಿಹಾರದ್ರವ್ಯವೆಂದು ಇದರಿಂದ ಯಾರಿಗಾದರೂ ತೋರದೆ ಇರುವುದೆ?

ಇನ್ನು ಆ ಶಾಂತಿಯ ಮನೆಯನ್ನು ನಡೆಸಿದವರು ಯಾರು? ಇಂಗ್ಲೆಂಡಿನ ಹೆಂಗಸರೆಲ್ಲ ಕುರ್ಚಿಯಲ್ಲಿ ಕುಳಿತು ಕಸೂತಿ ಹಾಕುತ್ತಿದ್ದರೆಂದು ಭಾಷಣವನ್ನು ಕೇಳಿದವರು ತಿಳಿದಿರಬಹುದು. 1851ರ ಜನಗಣತಿಯನ್ನು ತೆರೆದು ನೋಡಿದರೆ ಹೆಂಗಸರ ಉದ್ಯೋಗಗಳಲ್ಲಿ ಎಲ್ಲಕ್ಕಿಂತ ದೊಡ್ಡದು ಪರರ ಮನೆಯ ಚಾಕರಿ. 1871ರ ವೇಳೆಗೆ ಹೀಗೆ ದುಡಿಯುವ ಹೆಂಗಸರ ಸಂಖ್ಯೆಯು ಹತ್ತು ಲಕ್ಷವನ್ನು ಮೀರಿತು. ದೇವತೆಯ ಕೈ ಮೆತ್ತಗಿರಬೇಕಾದರೆ ಕಲ್ಲಿದ್ದಲನ್ನು ಮಹಡಿಗೆ ಹೊರುವ, ಒಲೆಯ ಬೂದಿ ತೆಗೆಯುವ, ಬಿಸಿನೀರನ್ನು ತುಂಬುವ ಇನ್ನೊಂದು ಕೈ ಬೇಕು. ಆ ಕೈಯೂ ಹೆಣ್ಣಿನದೇ, ಹಲವು ವೇಳೆ ಹದಿಮೂರು ಹದಿನಾಲ್ಕು ವರ್ಷದ್ದು. ಆ ಕಲ್ಲಿದ್ದಲನ್ನು ತೋಡುವ ಕಡೆಗೆ ಹೋದರೆ, 1842ರಲ್ಲಿ ಕಾನೂನು ತಡೆಯುವವರೆಗೆ, ಸೊಂಟಕ್ಕೆ ಸರಪಳಿ ಕಟ್ಟಿಕೊಂಡು ಗಣಿಯೊಳಗೆ ಅಂಬೆಗಾಲಿಟ್ಟು ಗಾಡಿಯನ್ನು ಎಳೆಯುತ್ತಿದ್ದ ಹೆಂಗಸರೂ ಹುಡುಗಿಯರೂ ಇದ್ದರು. ಅವರ ಸ್ವಭಾವವು ಸುಕುಮಾರವೆಂದು ಅಷ್ಟರವರೆಗೆ ಯಾರೂ ಕಾವ್ಯ ಬರೆಯಲಿಲ್ಲ.

ಬಡವರ ಮಕ್ಕಳಿಗೆ ಶಾಲೆಗಳಿರಲಿಲ್ಲವೆಂದಲ್ಲ. ಸರ್ಕಾರದ ಸಹಾಯಧನ ಪಡೆಯುವ ಶಾಲೆಗಳಲ್ಲಿ 1862ರ ನಿಯಮಾವಳಿಯಿಂದ ಹುಡುಗಿಯರಿಗೆ ಹೊಲಿಗೆಯು ಕಡ್ಡಾಯವಾಯಿತು. 1870ರ ಶಿಕ್ಷಣದ ಕಾನೂನಿನ ಮೇಲೆ ಹೊಸ ಶಾಲೆಗಳು ಸಾವಿರಗಟ್ಟಲೆ ಎದ್ದವು. ಹೊಲಿಗೆಯ ಜೊತೆಗೆ ಗೃಹಕೃತ್ಯವೂ, ಅಡಿಗೆಯೂ, ಬಟ್ಟೆ ಒಗೆಯುವುದೂ ಒಂದೊಂದಾಗಿ ಪಾಠದ ಪಟ್ಟಿಯನ್ನು ಸೇರಿದವು. ಹುಡುಗಿಯರು ಹೊಲಿಯುವ ಹೊತ್ತಿನಲ್ಲಿ ಹುಡುಗರು ಲೆಕ್ಕ ಮಾಡುತ್ತಿದ್ದರು. ಬಳಿಕ ಪರೀಕ್ಷೆಯಲ್ಲಿ ಹುಡುಗಿಯರಿಗೆ ಲೆಕ್ಕದಲ್ಲಿ ರಿಯಾಯಿತಿ ತೋರಿಸಿದರು. ಆಮೇಲೆ, ನೋಡಿರಿ, ಹೆಣ್ಣಿಗೆ ಲೆಕ್ಕ ಹತ್ತುವುದಿಲ್ಲವೆಂದರು! ಗಿಡಕ್ಕೆ ನೀರು ಹಾಕದೆ, ಇದು ಒಣಗುವ ಜಾತಿಯ ಗಿಡವೆಂದು ಶಾಸ್ತ್ರ ಹೇಳುವ ತೋಟಗಾರನ ಜಾಣತನ ಇದು.

ಈ ಎರಡು ವರ್ಗಗಳ ನಡುವೆ ಸಿಕ್ಕಿಕೊಂಡವರು ಇನ್ನೊಂದು ಬಗೆಯವರಿದ್ದರು. ತಂದೆ ಸತ್ತು ಹೋಗಿ ಅಥವಾ ವ್ಯಾಪಾರ ಮುಳುಗಿ ಬೀದಿಗೆ ಬಿದ್ದ ಮರ್ಯಾದಸ್ಥರ ಹೆಣ್ಣುಮಕ್ಕಳು. ಅವರಿಗೆ ಗೌರವಕ್ಕೆ ಕುಂದಿಲ್ಲದ ಉದ್ಯೋಗವೆಂದರೆ ಒಂದೇ: ಉಳ್ಳವರ ಮನೆಯಲ್ಲಿ ವಾಸವಾಗಿದ್ದು ಅವರ ಮಕ್ಕಳಿಗೆ ಪಾಠ ಹೇಳುವ ಗವರ್ನೆಸ್ ಕೆಲಸ. 1851ರಲ್ಲಿ ಇಂತಹವರು ಸುಮಾರು 25,000 ಮಂದಿ. ಷಾರ್ಲಟ್ ಬ್ರಾಂಟೆಯು 1841ರಲ್ಲಿ ಒಂದು ಮನೆಯಲ್ಲಿ ಈ ಕೆಲಸಕ್ಕೆ ಸೇರಿದಾಗ ವರ್ಷದ ಸಂಬಳ 20 ಪೌಂಡು. ಅದರಲ್ಲಿ ಬಟ್ಟೆ ಒಗೆಯಿಸಿದ ಬಾಬ್ತು 4 ಪೌಂಡು ವಜಾ. ತಮಗೆ ಸರಿಯಾಗಿ ಕಲಿಸದಿದ್ದುದನ್ನು ಇವರು ಮುಂದಿನವರಿಗೆ ಕಲಿಸಬೇಕು! ಅಜ್ಞಾನವು ಹೀಗೆ ತಲೆಮಾರಿನಿಂದ ತಲೆಮಾರಿಗೆ ಸಂಬಳ ಪಡೆದು ದಾಟುತ್ತಿದ್ದಿತು. ಈ ಉಪಾಧ್ಯಾಯಿನಿಯರ ದುರವಸ್ಥೆಯನ್ನು ನೋಡಲಾರದೆಯೇ 1848ರಲ್ಲಿ ಲಂಡನ್ನಿನಲ್ಲಿ ಕ್ವೀನ್ಸ್ ಕಾಲೇಜೂ, ಮರುವರ್ಷ ಬೆಡ್‌ಫರ್ಡ್ ಕಾಲೇಜೂ ಹುಟ್ಟಿದವು. ಆದರೆ 1862ರಲ್ಲಿ ಗ್ರೆಗ್ ಎಂಬ ಲೇಖಕನು ಮದುವೆಯಾಗದ ಹೆಂಗಸರನ್ನು 'ಮಿಗತೆ'ಯೆಂದು ಕರೆದು, ಹಡಗುಗಳಲ್ಲಿ ತುಂಬಿ ಗಂಡಸರು ಹೆಚ್ಚಾಗಿರುವ ವಸಾಹತುಗಳಿಗೆ ಸಾಗಿಸುವುದೇ ಪರಿಹಾರವೆಂದನು. ಗಂಡನಿಲ್ಲದ ದೇವತೆಗೆ ಗುಡಿಯಿಲ್ಲ, ಸರಕಿನ ಕೋಠಿಯೇ ಗತಿ.

ನಮ್ಮಲ್ಲಿ ಪುರಾಣ ಹೇಳುವುದಕ್ಕೆ, ಬದನೆಕಾಯಿ ತಿನ್ನುವುದಕ್ಕೆ ಎಂದು ಗಾದೆಯಿದೆ. ಈ ಗೃಹದೇವತೆಯ ಪುರಾಣವನ್ನು ಹೇಳಿದವರಲ್ಲಿ ಹೆಂಗಸರೂ ಇದ್ದರು. ಮಿತ್ರರು ಅವರ ಹೆಸರುಗಳನ್ನೇ ಸಾಕ್ಷಿಯಾಗಿ ತಂದರು. ಸಾರಾ ಸ್ಟಿಕ್ನಿ ಎಲ್ಲಿಸ್ 1839ರಿಂದ ಮೊದಲುಗೊಂಡು ಇಂಗ್ಲೆಂಡಿನ ಸ್ತ್ರೀಯರು, ಹೆಣ್ಣುಮಕ್ಕಳು, ಪತ್ನಿಯರು ಹೇಗಿರಬೇಕೆಂದು ಒಂದರ ಮೇಲೊಂದು ಪುಸ್ತಕ ಬರೆದಳು. ಗಂಡಸಿಗಿಂತ ತಾನು ಕೀಳೆಂದು ಒಪ್ಪಿ ತೃಪ್ತಳಾಗಿರುವುದೇ ಹೆಣ್ಣಿನ ಮೊದಲ ಪಾಠವೆಂಬುದು ಆಕೆಯ ಉಪದೇಶ. ಈಕೆಯು ಲೇಖನಿಯಿಂದ ಹಣ ಸಂಪಾದಿಸಿದಳು. ಹಾರ್ಟ್‌ಫರ್ಡ್‌ಷೈರಿನಲ್ಲಿ ಶಾಲೆಯೊಂದನ್ನೂ ನಡೆಸಿದಳು. ಎಲೈಜಾ ಲಿನ್ ಲಿಂಟನ್ 1868ರಲ್ಲಿ ಹೊಸಕಾಲದ ಹುಡುಗಿಯನ್ನು ಮೂದಲಿಸಿ ಬರೆದ ಲೇಖನವು ದೇಶವೆಲ್ಲ ಪ್ರಸಿದ್ಧವಾಯಿತು. ಆಕೆ ಇಪ್ಪತ್ತರ ಹರೆಯದಲ್ಲಿ ತಂದೆಯ ಮನೆಯನ್ನು ಬಿಟ್ಟು ಲಂಡನ್ನಿಗೆ ಬಂದು, ದಿನಪತ್ರಿಕೆಯೊಂದರಲ್ಲಿ ಸಂಬಳಕ್ಕೆ ಸೇರಿ, ಗಂಡನಿಂದ ದೂರವಾಗಿ ತನ್ನ ದುಡಿಮೆಯಲ್ಲೇ ಬದುಕಿದವಳು. 1861ರ ಗೃಹಕೃತ್ಯದ ಮಹಾಗ್ರಂಥವನ್ನು ಸಂಗ್ರಹಿಸಿದ ಇಸಬೆಲ್ಲಾ ಬೀಟನ್ನಳನ್ನು ದಪ್ಪನೆಯ ಮುದುಕಿ ಯಜಮಾನಿಯೆಂದು ಭಾವಿಸದವರಿಲ್ಲ. ಆಕೆ ಪತ್ರಿಕೆಯ ಸಂಪಾದನೆಯಲ್ಲಿ ಗಂಡನೊಡನೆ ದುಡಿದು 1865ರಲ್ಲಿ, ಇಪ್ಪತ್ತೆಂಟನೆಯ ವಯಸ್ಸಿನಲ್ಲಿ, ತೀರಿಕೊಂಡ ಎಳೆಯ ಹೆಂಗಸು. ಇನ್ನು ಸಾಕ್ಷಾತ್ ವಿಕ್ಟೋರಿಯಾ ರಾಣಿ. ಸ್ತ್ರೀಯರ ಹಕ್ಕುಗಳೆಂಬುದು ಹುಚ್ಚು ಪಾತಕವೆಂದು 1870ರಲ್ಲಿ ಆಕೆ ಸಿಡಿದು ಬರೆದಳು. ಬರೆದ ಕೈ ಒಂದು ಸಾಮ್ರಾಜ್ಯದ ಕಾಗದಗಳಿಗೆ ನಿತ್ಯವೂ ರುಜು ಹಾಕುತ್ತಿದ್ದ ಕೈ. ಈ ಹೆಂಗಸರನ್ನು ನಾನು ಹಳಿಯುವುದಿಲ್ಲ. ಅವರ ಬದನೆಕಾಯಿ ಒಳ್ಳೆಯದೇ ಆಗಿತ್ತು, ಪುರಾಣವೇ ಕೆಟ್ಟದ್ದು. ಅವರು ಬಾಳಿದಂತೆ ಬಾಳಿರೆಂದು ಬರೆದಿದ್ದರೆ ನಮಗೆ ಈ ವಾದದ ತೊಂದರೆಯೇ ಇರುತ್ತಿರಲಿಲ್ಲ.

ಕಾವ್ಯದಿಂದ ಕೆಲಸವಾಗದ ಕಡೆ ವೈದ್ಯಶಾಸ್ತ್ರವನ್ನು ಕರೆತಂದರು. ಮಿತ್ರರು ಮೊಮ್ಮಗಳ ವಿಷಯದಲ್ಲಿ ಆಡಿದ ಮಾತಿನ ತವರು ಇದೇ ಆದುದರಿಂದ ಇಲ್ಲಿ ಸ್ವಲ್ಪ ನಿಲ್ಲುತ್ತೇನೆ. ದೇಹದಲ್ಲಿರುವ ಶಕ್ತಿಯು ಪರಿಮಿತವಾದದ್ದು, ಅದನ್ನು ಹೆಣ್ಣು ಓದಿನಲ್ಲಿ ವ್ಯಯಮಾಡಿದರೆ ತಾಯ್ತನಕ್ಕೆ ಉಳಿಯುವುದಿಲ್ಲವೆಂದು ಹರ್ಬರ್ಟ್ ಸ್ಪೆನ್ಸರ್ ಗಂಭೀರವಾಗಿ ಬರೆದನು. (ಆತನು ಕೊನೆಯವರೆಗೂ ಬ್ರಹ್ಮಚಾರಿ, ತನ್ನ ಓದಿನಿಂದ ಮನುಷ್ಯವರ್ಗಕ್ಕೆ ಎಷ್ಟು ಸಂತತಿ ನಷ್ಟವಾಯಿತೆಂದು ಲೆಕ್ಕ ಹಾಕಲಿಲ್ಲ.) 1874ರಲ್ಲಿ ಹೆನ್ರಿ ಮಾಡ್‌ಸ್ಲಿ ಎಂಬ ಪ್ರಖ್ಯಾತ ಮನೋವೈದ್ಯನು, ಬೆಳೆಯುವ ವಯಸ್ಸಿನಲ್ಲಿ ಹುಡುಗರಂತೆಯೇ ಪರೀಕ್ಷೆಗೆ ಓದಿಸಿದರೆ ಹುಡುಗಿಯರ ಆರೋಗ್ಯವು ಜೀವಮಾನಪರ್ಯಂತ ಕೆಡುವುದೆಂದು ಎಚ್ಚರಿಸಿದನು. ಮರುತಿಂಗಳೇ ಅದೇ ಪತ್ರಿಕೆಯಲ್ಲಿ ಉತ್ತರ ಬಂದಿತು. ಬರೆದವಳು ಎಲಿಜಬೆತ್ ಗ್ಯಾರೆಟ್ ಆಂಡರ್‌ಸನ್. 1865ರಲ್ಲಿ ಔಷಧಕಾರರ ಸಂಘದ ಪರೀಕ್ಷೆಯಲ್ಲಿ ತೇರ್ಗಡೆಯಾಗಿ ವೈದ್ಯವೃತ್ತಿಯ ಸನದು ಪಡೆದವಳು. (ಆಕೆಯ ನಂತರ ಇನ್ನೊಬ್ಬ ಹೆಂಗಸು ಆ ಬಾಗಿಲಿನಿಂದ ಬರದಂತೆ ಆ ಸಂಘದವರು ನಿಯಮವನ್ನೇ ತಿದ್ದಿಬಿಟ್ಟರು.) ಉತ್ತರ ಬರೆಯುವಾಗ ಆಕೆ ಗೃಹಿಣಿ, ತಾಯಿ, ವೈದ್ಯೆ ಮೂರೂ ಆಗಿದ್ದಳು. ತಿಂಗಳ ಎಲ್ಲ ದಿನಗಳಲ್ಲೂ ಬೆಳಗಿನಿಂದ ರಾತ್ರಿಯವರೆಗೆ ದುಡಿಯುವ ಮನೆಗೆಲಸದ ಹುಡುಗಿಯ ಆರೋಗ್ಯಕ್ಕಾಗಿ ಈ ವೈದ್ಯರು ಎಂದಾದರೂ ಮರುಗಿದ್ದುಂಟೆ ಎಂದು ಆಕೆ ಕೇಳಿದಳು. ಓದಿನಿಂದ ಕಾಯಿಲೆ ಬಿದ್ದವರಿಗಿಂತ ಮಾಡಲು ಏನೂ ಇಲ್ಲದ ಬೇಸರದಿಂದ ಹಾಸಿಗೆ ಹಿಡಿದವರೇ ಹೆಚ್ಚೆಂದಳು. ಹದಿನಾರು ವರ್ಷಗಳ ತರುವಾಯ, 1890ರಲ್ಲಿ, ಎಲೀನರ್ ಸಿಜ್ವಿಕ್ ಎಂಬಾಕೆ ಊಹೆಯನ್ನು ಬದಿಗಿಟ್ಟು ಎಣಿಕೆಗೆ ಕುಳಿತಳು. ಆಕ್ಸ್‌ಫರ್ಡ್, ಕೇಂಬ್ರಿಜ್‌ಗಳಲ್ಲಿ ಓದಿದ ಹೆಂಗಸರನ್ನು ಅವರವರ ಓದದ ಅಕ್ಕತಂಗಿಯರೊಡನೆ ಹೋಲಿಸಿ ನೋಡಿದಳು. ಓದಿದವರ ಆರೋಗ್ಯವು ಯಾವ ರೀತಿಯಲ್ಲೂ ಕೆಟ್ಟಿರಲಿಲ್ಲ. ಒಂದೇ ಮನೆಯ ಅನ್ನ, ಒಂದೇ ತಾಯಿಯ ರಕ್ತ. ಇದಕ್ಕಿಂತ ಒಳ್ಳೆಯ ತಕ್ಕಡಿಯನ್ನು ಆ ಕಾಲದಲ್ಲಿ ಯಾರು ತಂದಾರು? ಆದರೂ ಮಾಡ್‌ಸ್ಲಿಯ ಮಾತು ಸಮುದ್ರ ದಾಟಿ ನಮ್ಮ ಕಾಫಿಯ ಮೇಜಿನವರೆಗೆ ಬಂದಿದೆ. ಸಿಜ್ವಿಕ್ಕಳ ಎಣಿಕೆ ಬಂದಿಲ್ಲ.

ಹೆಂಗಸರಿಗೆ ವಿದ್ಯೆ ಬೇಡವೆಂದು ಹೇಳುವ ಧೈರ್ಯ ಉಡುಗಿದ ಮೇಲೆ ಪ್ರತಿವಾದಿಗಳು ಹಿಡಿದ ಹೊಸ ದಾರಿಯೆಂದರೆ, ವಿದ್ಯೆ ಇರಲಿ, ಆದರೆ ಬೇರೆ ಇರಲಿ ಎಂಬುದು. ಮಿತ್ರರು ಹೇಳಿದ 'ಹಗುರವಾದ ಪದವಿ'ಯೂ ಇದೇ ಜಾತಿಯದು. ಇದನ್ನು ಎಲ್ಲರಿಗಿಂತ ಚೆನ್ನಾಗಿ ಅರಿತವಳು ಆ ಎಮಿಲಿ ಡೇವೀಸ್. ಹುಡುಗಿಯರಿಗೆ ಪ್ರತ್ಯೇಕವಾದ ಸುಲಭ ಪರೀಕ್ಷೆಯನ್ನು ಏರ್ಪಡಿಸುವೆವೆಂದು ಸ್ನೇಹಿತರೇ ಬಂದಾಗಲೂ ಆಕೆ ಒಪ್ಪಲಿಲ್ಲ. ಬೇರೆಯೆಂದರೆ ಜನರ ಲೆಕ್ಕದಲ್ಲಿ ಕೀಳೆಂದೇ ಅರ್ಥ. ಗಂಡಸರು ಬರೆಯುವ ಪ್ರಶ್ನೆಪತ್ರಿಕೆಯನ್ನೇ ಕೊಡಿರಿ, ತೇರ್ಗಡೆಯಾದರೆ ಆದೆವು, ಇಲ್ಲವಾದರೆ ಇಲ್ಲ ಎಂಬುದು ಆಕೆಯ ಹಟ. 1863ರಲ್ಲಿ ಕೇಂಬ್ರಿಜ್ ವಿಶ್ವವಿದ್ಯಾನಿಲಯವು ನಡೆಸುವ ಶಾಲಾಪರೀಕ್ಷೆಗೆ ಪ್ರಯೋಗಾರ್ಥವಾಗಿ ಎಂಬತ್ತಕ್ಕೆ ಮೇಲ್ಪಟ್ಟು ಹುಡುಗಿಯರನ್ನು ಆಕೆ ಕೂರಿಸಿದಳು. ಮೇಲಿನ ತರಗತಿಯವರಲ್ಲಿ ಬಹುಮಂದಿ ಯಾವುದರಲ್ಲಿ ತಪ್ಪಿಹೋದರು? ಅಂಕಗಣಿತದಲ್ಲಿ! ವಿರೋಧಿಗಳಿಗೆ ಹಬ್ಬ. ಉಪಾಧ್ಯಾಯಿನಿಯರು ಅಳುತ್ತ ಕೂರಲಿಲ್ಲ, ಸ್ವಭಾವವೆಂದು ಕೈಚೆಲ್ಲಲೂ ಇಲ್ಲ. ಹೋಗಿ ಲೆಕ್ಕ ಕಲಿಸಿದರು. 1865ರಲ್ಲಿ ಪರೀಕ್ಷೆಯು ಹುಡುಗಿಯರಿಗೆ ಕ್ರಮವಾಗಿ ತೆರೆದಾಗ ಅಂಕಗಣಿತದಲ್ಲಿ ತಪ್ಪಿದವರು ಬೆರಳೆಣಿಕೆಯಷ್ಟಾದರು. ಪ್ರಕೃತಿಯು ಎರಡು ವರ್ಷಗಳಲ್ಲಿ ಬದಲಾಗುವುದಾದರೆ ಅದನ್ನು ಪ್ರಕೃತಿಯೆನ್ನಬಹುದೆ?

1869ರಲ್ಲಿ ಆಕೆ ಹಿಚಿನ್ ಎಂಬ ಊರಿನಲ್ಲಿ ಬಾಡಿಗೆಯ ಮನೆಯೊಂದರಲ್ಲಿ ಐವರು ವಿದ್ಯಾರ್ಥಿನಿಯರೊಡನೆ ಕಾಲೇಜನ್ನು ತೆರೆದಳು. ನಾಲ್ಕು ವರ್ಷಗಳಲ್ಲಿ ಅದು ಗರ್ಟನ್ನಿಗೆ ಸ್ಥಳಾಂತರವಾಯಿತು. ಈ ಮಧ್ಯೆ 1871ರಲ್ಲಿ ನ್ಯೂನಮ್ ಕಾಲೇಜು ಹುಟ್ಟಿತು. 1881ರಿಂದ ಎರಡು ಕಾಲೇಜಿನವರಿಗೂ ಕೇಂಬ್ರಿಜ್ಜಿನ ಗೌರವಪರೀಕ್ಷೆಗಳಿಗೆ ಕೂರುವ ಅಧಿಕಾರ ದೊರೆಯಿತು, ಪದವಿ ಮಾತ್ರ ದೊರೆಯಲಿಲ್ಲ. ಇನ್ನು 1890ರ ಸಂಗತಿ. ಆ ವಿಶ್ವವಿದ್ಯಾನಿಲಯದಲ್ಲಿ ಗಣಿತದಲ್ಲಿ ಮೊದಲನೆಯವನಾಗಿ ನಿಂತವನಿಗೆ 'ಸೀನಿಯರ್ ರ‍್ಯಾಂಗ್ಲರ್' ಎಂಬ ಬಿರುದು. ದೇಶದ ಪತ್ರಿಕೆಗಳೆಲ್ಲ ಅವನ ಹೆಸರನ್ನು ಕೊಂಡಾಡುತ್ತಿದ್ದವು. ಆ ವರ್ಷ ಸೆನೆಟ್ ಭವನದಲ್ಲಿ ಗಂಡಸರ ಪಟ್ಟಿಯನ್ನು ಓದಿ ಮುಗಿಸಿ ಹೆಂಗಸರ ಪಟ್ಟಿಯನ್ನು ಎತ್ತಿಕೊಂಡಾಗ, ಮೊದಲ ಹೆಸರು ನ್ಯೂನಮ್ಮಿನ ಫಿಲಿಪಾ ಫಾಸೆಟ್. ಸ್ಥಾನ: ಸೀನಿಯರ್ ರ‍್ಯಾಂಗ್ಲರಿಗಿಂತ ಮೇಲೆ. ಆಕೆಯ ಚಿಕ್ಕವಯಸ್ಸಿನಲ್ಲಿ ಈ ಗಣಿತವೇ ಹೆಣ್ಣಿನ ಮೆದುಳನ್ನು ಕೆಡಿಸುವುದೆಂದು ಮಾಡ್‌ಸ್ಲಿಯ ಕಡೆಯವರು ಹೇಳಿದ್ದರು. ಅವನಿಗೆ ಉತ್ತರ ಕೊಟ್ಟ ವೈದ್ಯೆಯ ತಂಗಿಯ ಮಗಳೇ ಈಕೆ.

ಈ ರುಜುವಾತಿನ ಮೇಲೆ ಏನಾಯಿತು? ಏಳು ವರ್ಷ ಕಳೆದು, 1897ರಲ್ಲಿ, ಹೆಂಗಸರಿಗೆ ಪದವಿಯ ಹೆಸರನ್ನಾದರೂ ಕೊಡಬಹುದೇ ಎಂದು ಕೇಂಬ್ರಿಜ್ಜಿನಲ್ಲಿ ಮತ ಹಾಕಿದರು. ಬೇಡವೆಂದವರು 1,700ಕ್ಕೆ ಮೇಲ್ಪಟ್ಟು. ಕೊಡಿರೆಂದವರು 660ರ ಸುಮಾರು. ಹೊರಗೆ ವಿದ್ಯಾರ್ಥಿಗಳು ಬೈಸಿಕಲ್ಲಿನ ಮೇಲೆ ಕುಳಿತ ಹೆಂಗಸಿನ ಬೊಂಬೆಯೊಂದನ್ನು ಬೀದಿಯ ಮೇಲೆ ನೇತುಹಾಕಿ, ಗೆಲುವಿನ ಸುದ್ದಿ ತಿಳಿದ ಕೂಡಲೆ ಅದನ್ನು ಎಳೆದು ಹರಿದುಹಾಕಿದರು. ದೇವತೆಯ ಆರಾಧನೆಯು ಹೀಗೆಯೂ ನಡೆಯಿತು! ಕೇಂಬ್ರಿಜ್ ಹೆಂಗಸರಿಗೆ ಪೂರ್ಣಪದವಿಯನ್ನು ಕೊಟ್ಟದ್ದು 1948ರಲ್ಲಿ. ಆ ವರ್ಷವೇ ಜೂನ್ ತಿಂಗಳಲ್ಲಿ ಫಿಲಿಪಾ ಫಾಸೆಟ್ ತೀರಿಕೊಂಡಳು.

ಇದೆಲ್ಲ ಆಂಗ್ಲೇಯರ ಮನೆಯ ಜಗಳ, ನಮಗೇಕೆಂದು ಯಾರಾದರೂ ಕೇಳಬಹುದು. ಮಿತ್ರರು ತಮ್ಮ ಭಾಷಣದಲ್ಲಿ ವಿಕ್ಟೋರಿಯಾ ಕಾಲದ ಈ ಆದರ್ಶವು ನಮ್ಮ ಪ್ರಾಚೀನ ಗೃಹಿಣೀಧರ್ಮದ ಪ್ರತಿಬಿಂಬವೆಂದರು. ಈ ಮಾತನ್ನು ಪರೀಕ್ಷಿಸಲು ನಮ್ಮ ನಾಡಿನಲ್ಲೇ ಹುಟ್ಟಿ ಆ ಇಂಗ್ಲೆಂಡನ್ನು ಕಣ್ಣಾರೆ ಕಂಡ ಸಾಕ್ಷಿಯೊಬ್ಬರಿದ್ದಾರೆ: ಪಂಡಿತಾ ರಮಾಬಾಯಿಯವರು. ಅವರು ಹುಟ್ಟಿದ್ದು 1858ರಲ್ಲಿ, ನಮ್ಮ ಪಶ್ಚಿಮಘಟ್ಟದ ಗಂಗಾಮೂಲದಲ್ಲಿ. ತಂದೆ ಅನಂತಶಾಸ್ತ್ರಿ ಡೋಂಗ್ರೆಯವರು ಹೆಂಡತಿ ಲಕ್ಷ್ಮೀಬಾಯಿಗೆ ಸಂಸ್ಕೃತವನ್ನು ಕಲಿಸಿದರು. ಅದಕ್ಕಾಗಿ ಬಂಧುಗಳ ವಿರೋಧವನ್ನು ಕಟ್ಟಿಕೊಂಡರು. ಉಡುಪಿಯಲ್ಲಿ ಪಂಡಿತರ ಸಭೆಯ ಮುಂದೆ ನಿಂತು, ಹೆಂಗಸರು ಸಂಸ್ಕೃತ ಓದುವುದು ಶಾಸ್ತ್ರಕ್ಕೆ ವಿರೋಧವಲ್ಲವೆಂದು ಗ್ರಂಥಾಧಾರ ತೋರಿಸಬೇಕಾಯಿತು. ತಾಯಿಯಿಂದ ಮಗಳು ಕಲಿತಳು. ಇದನ್ನು ನಮ್ಮ ಹೆಚ್ಚುಗಾರಿಕೆಯೆಂದು ಎದೆ ತಟ್ಟಿಕೊಳ್ಳುವಂತಿಲ್ಲ. ಒಬ್ಬ ಶಾಸ್ತ್ರಿ ಕಲಿಸಿದನು, ಊರೆಲ್ಲ ಬೇಡವೆಂದಿತು. ಬೇಡವೆಂದವರ ಕೂಗಿನಲ್ಲಿ ಉಡುಪಿಗೂ ಕೇಂಬ್ರಿಜ್ಜಿಗೂ ನನಗೆ ಭೇದ ಕಾಣುವುದಿಲ್ಲ.

ವಿಧವೆಯಾದ ಮೇಲೆ 1883ರಲ್ಲಿ ರಮಾಬಾಯಿಯವರು ಪುಟ್ಟ ಮಗಳೊಡನೆ ಇಂಗ್ಲೆಂಡಿಗೆ ಹೋದರು; ಅಲ್ಲಿ ಕ್ರೈಸ್ತಮತವನ್ನು ಸ್ವೀಕರಿ‌ಸಿದರು; 1884ರಿಂದ ಚೆಲ್ಟನಮ್ಮಿನ ಹೆಣ್ಣುಮಕ್ಕಳ ಕಾಲೇಜಿನಲ್ಲಿ ತಾವೂ ಓದುತ್ತ ಸಂಸ್ಕೃತವನ್ನು ಕಲಿಸುತ್ತ ಇದ್ದರು. ಅಲ್ಲಿನ ಮುಖ್ಯಾಧ್ಯಾಪಿನಿ ಡೊರೋಥಿಯಾ ಬೀಲ್ ಅಸಾಧಾರಣಳು. ರಮಾಬಾಯಿಯವರ ಬುದ್ಧಿಗೆ ತಕ್ಕ ಮನ್ನಣೆಯನ್ನು ಕೊಟ್ಟಳು. ಆಗ ಒಂದು ಪ್ರಶ್ನೆ ಎದ್ದಿತು: ಈ ಪಂಡಿತೆಯು ಗಂಡಸರಿಗೂ ಪಾಠ ಹೇಳಬಹುದೆ? ಭಾರತದಲ್ಲಿದ್ದ ಇಬ್ಬರು ಬಿಷಪ್ಪರು ಕೂಡದೆಂದರು. ಹೆಂಗಸು ಗಂಡಸರಿಗೆ ಕಲಿಸುವಳೆಂದು ತಿಳಿದರೆ ಭಾರತೀಯರ ನಡುವೆ ಆಕೆಯ ಗೌರವವು ಹೋಗುವುದೆಂಬುದು ಅವರ ಕಾಳಜಿ. ನಮ್ಮ ಸಂಪ್ರದಾಯವನ್ನು ನಮಗಾಗಿ ಕಾಯುವ ಭಾರವನ್ನು ಅವರೇ ಹೊತ್ತುಕೊಂಡರು! ರಮಾಬಾಯಿಯವರು ಬೀಲಳಿಗೆ ಬರೆದ ಕಾಗದದಲ್ಲಿ ತಮ್ಮ ಆಶ್ಚರ್ಯವನ್ನು ಮುಚ್ಚಿಡಲಿಲ್ಲ. ತಮ್ಮ ತಾಯಿಯೂ ತಾವೂ ತರುಣರಿಗೆ ಪಾಠ ಹೇಳಿದಾಗ ತಂದೆಯಾಗಲಿ ಗಂಡನಾಗಲಿ ಅಡ್ಡಿ ಮಾಡಲಿಲ್ಲ, ಈಗ ಆಂಗ್ಲೇಯರು ಮಾಡುತ್ತಿದ್ದಾರಲ್ಲ ಎಂದರು. ಘಟ್ಟದ ಕಾಡಿನೊಳಗಿನ ಆಶ್ರಮದಲ್ಲಿ ಇಲ್ಲದ ತಡೆಯು ಚೆಲ್ಟನಮ್ಮಿನಲ್ಲಿ ಇದ್ದಿತು.

ಆದುದರಿಂದ ಪ್ರತಿಬಿಂಬ ಯಾವುದು, ಬಿಂಬ ಯಾವುದು ಎಂಬುದನ್ನು ಮಿತ್ರರು ಇನ್ನೊಮ್ಮೆ ಆಲೋಚಿಸಬೇಕು. ಪರಭಾಷೆಯ ಗ್ರಂಥಗಳಲ್ಲಿ ಓದಿದ್ದನ್ನು ನಾವು ಅಜ್ಜಿಯ ಮಾತೆಂದು ನಂಬತೊಡಗಿದ್ದೇವೆ. ನಮ್ಮ ಅಜ್ಜಿಯರು ಕುರ್ಚಿಯಲ್ಲಿ ಕುಳಿತವರಲ್ಲ. ಗದ್ದೆಯಲ್ಲಿ ನಾಟಿ ಹಾಕಿದವರು, ಸಂತೆಯಲ್ಲಿ ಮೊಸರು ಮಾರಿದವರು, ಬಾಯಿಲೆಕ್ಕದಲ್ಲಿ ಬಡ್ಡಿಯ ಕಾಸನ್ನು ಬಿಡದವರು. 1883ರಲ್ಲಿ ಕಲ್ಕತ್ತೆಯ ವಿಶ್ವವಿದ್ಯಾನಿಲಯವು ಚಂದ್ರಮುಖಿ ಬಸು, ಕಾದಂಬಿನಿ ಗಂಗೂಲಿ ಎಂಬ ಇಬ್ಬರು ಹೆಂಗಸರಿಗೆ ಬಿ.ಎ. ಪದವಿಯನ್ನು ಕೊಟ್ಟಿತು. ಆಕ್ಸ್‌ಫರ್ಡ್ ಹೆಂಗಸರಿಗೆ ಪದವಿ ಕೊಡಲು 1920 ಬರಬೇಕಾಯಿತು. ಕೇಂಬ್ರಿಜ್ಜಿನ ಇಸವಿಯನ್ನು ಮೇಲೆಯೇ ಹೇಳಿದ್ದೇನೆ.

ಮಿತ್ರರು ಈ ಲೇಖನಕ್ಕೆ ಉತ್ತರ ಬರೆಯುವುದಾದರೆ ಮುಂದಿನ ಸಂಚಿಕೆಯಲ್ಲಿ ಸಂಪಾದಕರು ಸ್ಥಳ ಕೊಡುವರೆಂದು ನಂಬುತ್ತೇನೆ. ಅವರ ವಾದವನ್ನು ಆದರದಿಂದ ಓದುವೆನು. ಉತ್ತರದಲ್ಲಿ ಪ್ಯಾಟ್‌ಮೋರನನ್ನು ಬಿಟ್ಟು ಆ 1863ರ ಮತ್ತು 1865ರ ಅಂಕಗಣಿತದ ಪರೀಕ್ಷೆಗಳಿಗೆ ಸಮಾಧಾನ ಹೇಳಬೇಕೆಂದು ಮಾತ್ರ ಪ್ರಾರ್ಥನೆ. ಬೆಂಗಳೂರಿನ ಕಾಲೇಜಿಗೆ ಅರ್ಜಿ ಕಳುಹಿಸಲು ಇನ್ನೂ ಹನ್ನೆರಡು ದಿನಗಳ ಅವಧಿ ಇದೆಯೆಂದು ಅವರ ಮೊಮ್ಮಗಳೇ ಮೊನ್ನೆ ಗ್ರಂಥಾಲಯದಲ್ಲಿ ನನಗೆ ಹೇಳಿದಳು.